ಎರಡು ರಿಯಾಲಿನ ಟಿಕೆಟ್ಟಿಗೆ ನಮ್ಮವರು ಹಾಕಿದ ಎಸ್ಟಿಮೇಟ್

ದೋಹಾದಲ್ಲಿ ಮೆಟ್ರೊ ಓಡಲು ಶುರುವಾದ ವರ್ಷ ನಾವು ಅಲ್ ವುಕೈರ್‌ನಲ್ಲಿದ್ದೆವು. ಅದಕ್ಕೆ ಮೊದಲು ಬಹಳ ಕಾಲ ನಜ್ಮಾದಲ್ಲಿ, ಒಂದು ಟೈಲರ್ ಅಂಗಡಿಯ ಮೇಲಿನ ಮನೆಯಲ್ಲಿದ್ದವರು. ಮಗಳು ದೊಡ್ಡವಳಾದಳು, ಅವಳಿಗೊಂದು ಕೋಣೆ ಬೇಕಾಯಿತು. ಅದೇ ಬಾಡಿಗೆಗೆ ಊರ ಹೊರಗೆ ದೊಡ್ಡ ಮನೆ ಸಿಗುತ್ತದೆಂದು ಗಂಟುಮೂಟೆ ಕಟ್ಟಿದೆವು. ಮನೆ ದೊಡ್ಡದಾಯಿತು, ದಾರಿಯೂ ಉದ್ದವಾಯಿತು. ನನ್ನ ಆಫೀಸು ವೆಸ್ಟ್ ಬೇಯ ಗಾಜಿನ ಟವರುಗಳ ನಡುವೆ. ನಮ್ಮವರದು ಹಳೆಯ ಏರ್‌ಪೋರ್ಟಿನ ಹತ್ತಿರ. ಅಂದರೆ ಅವರು ಬೆಳಿಗ್ಗೆ ತಮ್ಮ ಆಫೀಸನ್ನು ದಾಟಿ ಮುಂದೆ ಹೋಗಿ, ನನ್ನನ್ನು ವೆಸ್ಟ್ ಬೇಯಲ್ಲಿ ಇಳಿಸಿ, ಬಂದ ದಾರಿಯಲ್ಲೇ ಹಿಂದೆ ಬರಬೇಕು. ಸಂಜೆ ಅದನ್ನೇ ತಿರುಗಿಸಿ ಮಾಡಬೇಕು. ಟ್ರಾಫಿಕ್ಕಿನಲ್ಲಿ ಅದು ಸಣ್ಣ ಕೆಲಸವಲ್ಲ.

ಹೀಗಿರುವಾಗ ನಮ್ಮ ಮನೆಗೆ ಹತ್ತಿರದ ವಕ್ರಾದಿಂದ ವೆಸ್ಟ್ ಬೇಗೆ ನೇರ ಮೆಟ್ರೊ ಬಂತು. ಎಷ್ಟು ದೂರ ಹೋದರೂ ಎರಡು ರಿಯಾಲ್. ನನ್ನ ಸಂತೋಷಕ್ಕೆ ಮೇರೆಯಿಲ್ಲ. ಆ ಸಂಜೆಯೇ ಕಾರಿನಲ್ಲಿ ಹೇಳಿದೆ, "ಇನ್ನು ನಿಮಗೆ ನನ್ನ ಡ್ರೈವರ್ ಕೆಲಸ ಖಲಾಸ್. ನಾನು ಮೆಟ್ರೊದಲ್ಲಿ ಹೋಗ್ತೇನೆ."

ಅವರು ಸಿಗ್ನಲ್ಲಿನ ಕೆಂಪು ದೀಪ ನೋಡುತ್ತಾ, "ಮೊದಲು ಎಸ್ಟಿಮೇಟ್ ಹಾಕುವ," ಎಂದರು.

ಅವರ ಕೆಲಸವೇ ಎಸ್ಟಿಮೇಟ್ ಹಾಕುವುದು. ಕಟ್ಟಡಗಳಿಗೆ ಏಸಿ ಡಕ್ಟ್ ಕೂರಿಸುವ ಕಂಪನಿಯೊಂದರಲ್ಲಿ ಎಸ್ಟಿಮೇಟರ್ ಅವರು. ಒಂದು ಹೋಟೆಲಿನ ನಕ್ಷೆ ಮುಂದಿಟ್ಟರೆ ತಗಡೆಷ್ಟು, ಬೋಲ್ಟ್ ಎಷ್ಟು, ಆಳೆಷ್ಟು ಎಂದು ಹೇಳಬಲ್ಲರು. ಮಗಳ ಹುಟ್ಟುಹಬ್ಬದ ಕೇಕಿಗೂ ಅವರು ಎಸ್ಟಿಮೇಟ್ ಹಾಕಿದ್ದುಂಟು. ಹಾಗಾಗಿ ನನಗೇನೂ ಅನುಮಾನ ಬರಲಿಲ್ಲ. ನಮ್ಮ ಮನೆಮಾತು ಕೊಂಕಣಿ. ಆದರೆ ಇಬ್ಬರೂ ಮಗ್ಗಿ ಕಲಿತದ್ದು ಕನ್ನಡ ಶಾಲೆಯಲ್ಲಿ. ದುಡ್ಡಿನ ವಿಷಯ ಬಂದ ಕೂಡಲೇ ಇಬ್ಬರ ಬಾಯಿಗೂ ಕನ್ನಡ ಬರುತ್ತದೆ. ಆ ವರ್ಷ ನಮ್ಮಲ್ಲಿ ಕನ್ನಡ ಬಹಳ ಜಾಸ್ತಿಯಾಯಿತು.

"ಹೋಗ್ಲಿಕ್ಕೆ ಎರಡು, ಬರ್ಲಿಕ್ಕೆ ಎರಡು, ನಾಲ್ಕು ರಿಯಾಲ್," ಎಂದೆ ನಾನು.

"ಕಾರ್ಡಿಗೆ ಹತ್ತು ರಿಯಾಲ್ ಉಂಟು."

"ಅದು ಒಂದು ಸಲ ಕೊಟ್ಟರೆ ಆಯ್ತಲ್ಲ."

"ಕಳೆದು ಹಾಕುವವಳು ನೀನು. ತಿಂಗಳಿಗೆ ಒಂದು ಕಾರ್ಡ್ ಇಡುವ. ಮತ್ತೆ ಸ್ಟೇಶನ್ನಿಂದ ಟವರಿಗೆ ನಡೀಬೇಕು. ಬೇಸಿಗೆಯಲ್ಲಿ ನಡೆದ್ರೆ ಜ್ಯೂಸ್ ಬೇಕು. ಜ್ಯೂಸಿಗೆ ಎಂಟು ರಿಯಾಲ್. ಬಟ್ಟೆ ಬೆವರಿಗೆ ಒದ್ದೆ, ಲಾಂಡ್ರಿ ಖರ್ಚು. ಚಪ್ಪಲಿ ಸವೆಯುದು. ಎಲ್ಲದರ ಮೇಲೆ ಹತ್ತು ಪರ್ಸೆಂಟ್ ಕಂಟಿಂಜೆನ್ಸಿ."

"ಕಂಟಿಂಜೆನ್ಸಿ ಎಂತದಕ್ಕೆ ಮಾರಾಯ್ರೆ?"

"ಗೊತ್ತಿಲ್ಲದ ಖರ್ಚಿಗೆ. ಗೊತ್ತಿದ್ರೆ ಅದಕ್ಕೆ ಕಂಟಿಂಜೆನ್ಸಿ ಅಂತ ಯಾಕೆ ಹೇಳ್ತಾರೆ?"

ಮನೆ ಮುಟ್ಟುವಷ್ಟರಲ್ಲಿ ಎರಡು ರಿಯಾಲಿನ ಮೆಟ್ರೊ ನಮ್ಮ ಕಾರಿಗಿಂತ ದುಬಾರಿಯಾಗಿತ್ತು. ಕಾರಿನ ಕಡೆಗೆ ಅವರು ಹಿಡಿದದ್ದು ಪೆಟ್ರೋಲ್ ಒಂದೇ. ಇನ್ಶೂರೆನ್ಸ್, ಟಯರು, ಸರ್ವಿಸ್ ಎಲ್ಲಿ ಹೋಯಿತು ಎಂದು ಕೇಳಿದರೆ, "ಅದು ನೀನು ಕೂತ್ರೂ ಕೊಡ್ಬೇಕು, ಕೂರದಿದ್ರೂ ಕೊಡ್ಬೇಕು," ಎಂದುಬಿಟ್ಟರು. ಸಾಲದ್ದಕ್ಕೆ ಆ ಮೊದಲ ತಿಂಗಳುಗಳಲ್ಲಿ ರೈಲು ಬೆಳಿಗ್ಗೆ ಸ್ವಲ್ಪ ತಡವಾಗಿ ಓಡಲು ಶುರುವಾಗುತ್ತಿತ್ತು. ನನ್ನ ಆಫೀಸಿಗೆ ಅದು ಆಗುವಂತಿರಲಿಲ್ಲ. ವಾದ ಅಲ್ಲಿಗೆ ನಿಂತಿತು.

ನನ್ನನ್ನು ಮೊದಲ ಸಲ ಮೆಟ್ರೊ ಹತ್ತಿಸಿದವರು ಕೆಳಗಿನ ಮನೆಯ ಅಕ್ಕ. ಬಂಟ್ವಾಳ ಕಡೆಯ ಬ್ಯಾರಿ ಹೆಂಗಸು. ಅವರ ಗಂಡನಿಗೆ ನಜ್ಮಾದಲ್ಲಿ ಪಾತ್ರೆ ಅಂಗಡಿ. ಎರಡು ತಲೆಮಾರಿನಿಂದ ಇಲ್ಲೇ ಇರುವ ಕುಟುಂಬ. ನಾನು ರಜೆ ಹಾಕಿ ಮನೆಯಲ್ಲಿದ್ದ ಒಂದು ದಿನ, ಕಸದ ಚೀಲ ಹಿಡಿದುಕೊಂಡು ಇಳಿಯುವಾಗ ಮೆಟ್ಟಿಲಲ್ಲಿ ಸಿಕ್ಕಿದರು. ನಾನು ಎಸ್ಟಿಮೇಟಿನ ಕತೆ ಹೇಳಿದೆ. ಅವರು ಗೋಡೆ ಹಿಡಿದುಕೊಂಡು ನಕ್ಕರು.

"ನಿಮ್ಮ ಯಜಮಾನರಿಗೆ ಎಂತ ಆಗಿದೆ? ಎರಡು ರಿಯಾಲಿಗೆ ಈಗ ನೆಟ್ಟಗೆ ಒಂದು ಸಮೋಸ ಬರುದಿಲ್ಲ. ಯಲ್ಲಾ, ಹೊರಡಿ. ಸೂಕ್ ವಾಕಿಫ್‌ಗೆ ಹೋಗಿ ಬರುವ."

ಸ್ಟೇಶನ್ನಿಗೆ ಹೋಗುವ ಸಣ್ಣ ಬಸ್ಸಿಗೆ ದುಡ್ಡೇ ಇಲ್ಲ ಎಂದು ನನಗೆ ಗೊತ್ತಾದದ್ದು ಅಂದು. ಡ್ರೈವರನಿಗೆ ಚಿಲ್ಲರೆ ಕೊಡಲು ಹೋದೆ, "ಮಾಫಿ ಫುಲೂಸ್, ಫ್ರೀ ಫ್ರೀ," ಎಂದು ಕೈಯಾಡಿಸಿದ. ವಕ್ರಾ ಸ್ಟೇಶನ್ನಿನ ನೆಲ ಎಷ್ಟು ಹೊಳೆಯುತ್ತಿತ್ತೆಂದರೆ, ಅಕ್ಕ ಚಪ್ಪಲಿ ಬಿಡಬೇಕೋ ಎಂದು ಒಂದು ಕ್ಷಣ ನಿಂತರು. ನಾವು ಹೆಂಗಸರು ಮತ್ತು ಕುಟುಂಬದವರು ಕೂರುವ ಡಬ್ಬಿಗೆ ಹತ್ತಿದೆವು. ರೈಲಿಗೆ ಡ್ರೈವರನಿಲ್ಲ ಎಂದು ಅಕ್ಕ ಹೇಳಿದಾಗ ನಾನು ಕಂಬ ಹಿಡಿದುಕೊಂಡೆ. ಸ್ವಲ್ಪ ಹೊತ್ತು ರೈಲು ಎತ್ತರದಲ್ಲಿ ಓಡಿತು. ಕೆಳಗೆ ಮರಳು, ಗೋದಾಮುಗಳು, ನಾವು ದಿನಾ ಸಿಕ್ಕಿಬೀಳುವ ರಸ್ತೆ. ಆ ರಸ್ತೆಯಲ್ಲಿ ಸಾಲುಗಟ್ಟಿ ನಿಂತ ಕಾರುಗಳನ್ನು ಮೇಲಿನಿಂದ ನೋಡುವಾಗ, ದೇವರು ಕ್ಷಮಿಸಲಿ, ಬಹಳ ಖುಷಿಯಾಯಿತು. ಆಮೇಲೆ ರೈಲು ನೆಲದೊಳಗೆ ಇಳಿಯಿತು. ಕಿಟಕಿ ಕಪ್ಪಾಗಿ, ಅದರಲ್ಲಿ ನಮ್ಮಿಬ್ಬರ ಮುಖ ಕಂಡಿತು. ಎರಡೂ ನಗುತ್ತಿದ್ದವು.

ಸೂಕಿನ ಹಳೆಯ ಪೇಟೆಬೀದಿಯಲ್ಲಿ ಕರಕ್ ಚಹಾ ಕುಡಿದೆವು. ಕಾದ ಕಾವಲಿಯ ಮೇಲೆ ಕಾಗದದಷ್ಟು ತೆಳ್ಳಗೆ ಹರಡುವ ರೊಟ್ಟಿಯನ್ನು ಚೀಸ್ ಹಾಕಿಸಿಕೊಂಡು ತಿಂದೆವು. ಅಕ್ಕ ಒಣ ನಿಂಬೆ ಕೊಂಡರು, ನಾನು ಒಂದು ಹಿತ್ತಾಳೆಯ ಚಹಾ ತಟ್ಟೆ ಕೊಂಡೆ. ಸಂಜೆ ಅದನ್ನು ನೋಡಿದ ನಮ್ಮವರಿಗೆ ಗೆದ್ದ ಸಂತೋಷ.

"ನೋಡು, ನಾನು ಹೇಳ್ಲಿಲ್ವಾ? ಮೆಟ್ರೊಗೆ ನಾಲ್ಕು ರಿಯಾಲ್, ತಟ್ಟೆಗೆ ಎಪ್ಪತ್ತು. ಕಾರಿನಲ್ಲಿ ನನ್ನ ಒಟ್ಟಿಗೆ ಹೋಗಿದ್ರೆ ಈ ತಟ್ಟೆ ಬರ್ತಿರ್ಲಿಲ್ಲ."

"ಹೌದು, ನೀವು ಇಳಿಯಲಿಕ್ಕೇ ಬಿಡ್ತಿರ್ಲಿಲ್ಲ."

ಕೆಲವು ತಿಂಗಳಲ್ಲಿ ರೈಲು ಬೆಳಿಗ್ಗೆ ಬೇಗ ಹೊರಡತೊಡಗಿತು. ಆ ನೆಪವೂ ಹೋಯಿತು. ಅದೇ ಹೊತ್ತಿಗೆ ನಮ್ಮ ಕಾರಿನ ಗೇರ್‌ಬಾಕ್ಸ್ ಹಾಳಾಗಿ, ಅದನ್ನು ಗ್ಯಾರೇಜಿನಲ್ಲಿ ಬಿಡಬೇಕಾಯಿತು. ಹಾಗಾಗಿ ಒಂದು ಭಾನುವಾರ ಬೆಳಿಗ್ಗೆ, ಇಲ್ಲಿ ವಾರದ ಕೆಲಸ ಶುರುವಾಗುವ ದಿನ, ಇಬ್ಬರೂ ಮೆಟ್ರೊ ಹತ್ತಿದೆವು. ನಮ್ಮವರು ಊಟದ ಬುತ್ತಿಯನ್ನು ಎದೆಗೆ ಹಿಡಿದುಕೊಂಡು, ಪರೀಕ್ಷೆಗೆ ಬಂದವರ ಹಾಗೆ ಕೂತರು. ನಾನು ಮಾತಾಡಿಸಿದರೆ "ಹ್ಞೂಂ" ಎಂದರು. ಮೇಲಿನ ಏಸಿ ಕಿಂಡಿಗಳನ್ನು ಮಾತ್ರ ಗಮನವಿಟ್ಟು ನೋಡುತ್ತಿದ್ದರು, ಪ್ರಾಯಶಃ ಎಣಿಸುತ್ತಿದ್ದರು. ಹಳೆಯ ಏರ್‌ಪೋರ್ಟ್ ಸ್ಟೇಶನ್ ಬಂದಾಗ ಎದ್ದು, "ಜಾಗ್ರತೆ," ಎಂದು ಇಳಿದುಹೋದರು. ನಾನು ವೆಸ್ಟ್ ಬೇಯಲ್ಲಿ ಇಳಿದು, ಜ್ಯೂಸ್ ಕುಡಿಯದೆ, ಚಪ್ಪಲಿ ಸವೆಸದೆ, ಯಾವತ್ತಿಗಿಂತ ಮೊದಲೇ ಆಫೀಸು ಮುಟ್ಟಿದೆ.

ಕಾರು ರಿಪೇರಿಯಾಗಿ ಬಂದ ಮೇಲೂ ನಾನು ಮೆಟ್ರೊ ಬಿಡಲಿಲ್ಲ. "ಸರಿ, ನಿನ್ನ ಇಷ್ಟ," ಎಂದರು ಅವರು. ಜಗಳವಿಲ್ಲ, ಲೆಕ್ಕವಿಲ್ಲ. ಅವರಿಗೆ ಈಗ ವೆಸ್ಟ್ ಬೇ ತನಕ ಹೋಗಿ ಬರುವ ಗೋಳಿಲ್ಲ. ಬೆಳಿಗ್ಗೆ ಹಾಯಾಗಿ ಹೊರಡಬಹುದು. ಇಬ್ಬರಿಗೂ ಒಳ್ಳೆಯದಾಯಿತು ಎಂದೇ ನಾನು ತಿಳಿದಿದ್ದೆ.

ಆದರೆ ಮನೆಯಲ್ಲಿ ಒಂದು ಹೊಸ ತೊಂದರೆ ಶುರುವಾಯಿತು. ಸಂಜೆ ನಾನು ಅಡುಗೆಮನೆಗೆ ಹೊಕ್ಕರೆ ಅವರೂ ಹಿಂದೆಯೇ ಬರುವರು. ಒಗ್ಗರಣೆ ಹಾಕುವ ಹೊತ್ತಿಗೆ ಸರಿಯಾಗಿ ಅವರ ಮ್ಯಾನೇಜರನ ಕತೆ. ಫ್ರಿಜ್ಜಿನ ಬಾಗಿಲು ತೆರೆಯಲು ಹೋದರೆ ಅದಕ್ಕೇ ಒರಗಿ ನಿಂತು, ಅವರ ತಮ್ಮನ ಮಗನ ಮದುವೆಯ ಮಾತು. ನಾನು ಮೀನಿಗೆ ಮಸಾಲೆ ಹಚ್ಚುತ್ತಾ, "ಸ್ವಲ್ಪ ಆಚೆ ನಿಲ್ಲಿ ಮಾರಾಯ್ರೆ," ಎನ್ನುವೆ. ಅವರು ಅರ್ಧ ಮಾತಿಗೆ ನಿಲ್ಲಿಸಿ ಹೊರಗೆ ಹೋಗುವರು. ಐದು ನಿಮಿಷಕ್ಕೆ ಇನ್ನೊಂದು ವಿಷಯ ಹಿಡಿದುಕೊಂಡು ಮತ್ತೆ ಹಾಜರು.

ಒಂದು ದಿನ ಮಗಳೇ ಹೇಳಿದಳು. ಅವಳ ಕೊಂಕಣಿ ಅರ್ಧ ಇಂಗ್ಲಿಷು. "ಮಮ್ಮಾ, ಡ್ಯಾಡಿ ಕೆಳಗೆ ಪಾರ್ಕಿಂಗ್‌ನಲ್ಲಿ ಸುಮ್ಮನೆ ಕೂತ್ಕೊಳ್ತಾರೆ. ಕಾರಿನಲ್ಲಿ. ಡೈಲಿ. ನಾನು ಬಾಲ್ಕನಿಯಿಂದ ನೋಡ್ತೇನಲ್ಲ. ನಿಮ್ಮ ಬಸ್ ಬಂದ್ಮೇಲೆ ಮೇಲೆ ಬರ್ತಾರೆ."

ನನಗೆ ಏನೋ ಹೊಳೆಯಿತು. ಮದುವೆಯಾಗಿ ಇಷ್ಟು ವರ್ಷದಲ್ಲಿ ನಾವಿಬ್ಬರೇ ಕೂತು ಮಾತಾಡಿದ್ದೆಲ್ಲ ಎಲ್ಲಿ? ಕಾರಿನಲ್ಲಿ. ಮಗಳನ್ನು ಯಾವ ಶಾಲೆಗೆ ಹಾಕುವುದೆಂದು ನಿರ್ಧರಿಸಿದ್ದು ಒಂದು ರೌಂಡ್‌ಅಬೌಟಿನಲ್ಲಿ. ನನ್ನ ಅಪ್ಪ ತೀರಿಕೊಂಡ ಸುದ್ದಿ ಬಂದ ಮೇಲೆ ನಾನು ಅತ್ತದ್ದು ಕಾರ್ನಿಶ್ ರಸ್ತೆಯ ಬದಿಯಲ್ಲಿ ನಿಲ್ಲಿಸಿದ ಕಾರಿನಲ್ಲಿ. ಜಗಳ, ರಾಜಿ, ಊರಿನ ಸುದ್ದಿ ಎಲ್ಲ ಅಲ್ಲೇ. ಮನೆಗೆ ಬಂದರೆ ಅಡುಗೆ, ಟೀವಿ, ಮಗಳ ಪಾಠ, ನಿದ್ರೆ. ಆ ದೊಡ್ಡ ಎಸ್ಟಿಮೇಟಿನ ಗುಟ್ಟು ಆಗ ತಿಳಿಯಿತು. ಪಾಪ, ಜ್ಯೂಸು, ಲಾಂಡ್ರಿ, ಚಪ್ಪಲಿ ಎಂದು ಏನೇನೋ ಸೇರಿಸಿದರು. ನೀನು ಪಕ್ಕದಲ್ಲಿ ಇರಬೇಕು ಎಂಬ ಒಂದು ಮಾತು ಹೇಳಲು ಅವರಿಗೆ ನಾಚಿಕೆ.

ನಾನೂ ಅದನ್ನು ಬಾಯಿಬಿಟ್ಟು ಹೇಳಲಿಲ್ಲ. ರಾತ್ರಿಯ ಊಟಕ್ಕೆ ಕೂತಾಗ ಕೇಳಿದೆ, "ವಕ್ರಾ ಸ್ಟೇಶನ್ನಿನಲ್ಲಿ ಕಾರು ನಿಲ್ಲಿಸ್ಲಿಕ್ಕೆ ದೊಡ್ಡ ಜಾಗ ಉಂಟಂತೆ. ನಿಮ್ಮ ಆಫೀಸಿಗೂ ಅದೇ ರೈಲು ಅಲ್ವಾ? ಕಾರು ಅಲ್ಲಿಟ್ಟು ಒಟ್ಟಿಗೆ ಹೋದ್ರೆ ಹೇಗೆ?"

ಅವರು ಅನ್ನ ಕಲಸುವುದನ್ನು ನಿಲ್ಲಿಸಿದರು. "ಅದಕ್ಕೆ ಎಸ್ಟಿಮೇಟ್..."

"ಬೇಡ. ಎಸ್ಟಿಮೇಟ್ ಬೇಡ. ನಾಳೆ ಹೋಗುವ, ಅಷ್ಟೇ."

"ಆಯ್ತು," ಎಂದರು. ಆ ದಿನ ಅವರು ಎರಡು ಸಲ ಸಾರು ಹಾಕಿಸಿಕೊಂಡರು.

ಮೊದಲ ಕೆಲವು ದಿನ ರೈಲಿನಲ್ಲಿ ಅವರು ಮತ್ತೆ ಮೌನಿ. ಎಲ್ಲರೂ ಕೇಳುತ್ತಾರೆಂದು ಸಂಕೋಚ. "ನಮ್ಮ ಸುತ್ತ ಫಿಲಿಪೈನ್ಸಿನವರು, ಈಜಿಪ್ಟಿನವರು. ನಮ್ಮ ಮಾತು ಯಾರಿಗೆ ಗೊತ್ತಾಗ್ತದೆ?" ಎಂದು ನಾನು ಧೈರ್ಯ ಹೇಳಿದೆ. ಕೊಂಕಣಿಯಾದರೆ ಯಾರಾದರೂ ಗೋವಾದವರು ಇದ್ದಾರು ಎಂದು ಅವರೇ ಕನ್ನಡಕ್ಕೆ ತಿರುಗಿದರು. ಒಮ್ಮೆ ಕಟ್ಟೆ ಒಡೆಯಿತು ನೋಡಿ, ಮತ್ತೆ ಹಿಡಿಯುವವರಿಲ್ಲ. ಕಾರಿನಲ್ಲಾದರೆ ನಡುನಡುವೆ ಹಾರ್ನ್ ಹೊಡೆಯಲಿಕ್ಕಾದರೂ ನಿಲ್ಲಿಸುತ್ತಿದ್ದರು. ಇಲ್ಲಿ ಅದೂ ಇಲ್ಲ.

ಒಂದು ಬೆಳಿಗ್ಗೆ ಅವರಿಗೆ ಬಹಳ ಹುಮ್ಮಸ್ಸು. ನನ್ನ ದೊಡ್ಡಮ್ಮನ ಮಗ ಎರಡು ವಾರಕ್ಕೆಂದು ಬಂದು ನಮ್ಮ ಮನೆಯಲ್ಲಿ ತಿಂಗಳುಗಟ್ಟಲೆ ಕೂತಿದ್ದ ಹಳೆಯ ಕತೆ ಎತ್ತಿಕೊಂಡರು. ಅವನು ತಿಂದ ದೋಸೆ, ಅವನ ಗೊರಕೆ, ಹೋಗುವಾಗ ಅವನು ಕೊಂಡುಹೋದ ನಮ್ಮ ಇಸ್ತ್ರಿಪೆಟ್ಟಿಗೆ. ಅದು ಮುಗಿದ ಮೇಲೆ, ಮೆಟ್ರೊದಲ್ಲಿ ಒಟ್ಟಿಗೆ ಹೋಗುವ ಬುದ್ಧಿ ತಮ್ಮದೇ ಎಂಬ ಧಾಟಿಯಲ್ಲಿ ಖರ್ಚು ಬಿಡಿಸಿ ಹೇಳತೊಡಗಿದರು. "ಇಬ್ಬರಿಗೆ ದಿನಕ್ಕೆ ಎಂಟು ರಿಯಾಲ್. ಮನೆಯಿಂದ ವಕ್ರಾಕ್ಕೆ ಪೆಟ್ರೋಲ್ ಒಂದು ಎರಡು ರಿಯಾಲ್ ಹಿಡಿ. ಪಾರ್ಕಿಂಗಿಗೆ..."

"ಪಾರ್ಕಿಂಗ್ ಫ್ರೀ ಅಲ್ವಾ ಅಣ್ಣಾ?"

ಕೇಳಿದ್ದು ಎದುರಿನ ಸೀಟಿನ ಹೆಂಗಸು. ತಲೆಗೆ ಸ್ಕಾರ್ಫ್, ಮಡಿಲಲ್ಲಿ ನಿದ್ರಿಸುತ್ತಿದ್ದ ಕೂಸು. ಅಷ್ಟು ಹೊತ್ತು ಕಿಟಕಿ ನೋಡುತ್ತಿದ್ದ ಹಾಗೆ ಕಂಡಿದ್ದಳು.

ನಮ್ಮವರ ಕಿವಿ ಕೆಂಪಾಯಿತು. "ನಿಮಗೆ... ಕನ್ನಡ?"

"ಪುತ್ತೂರು ಅಣ್ಣಾ. ನಾನು ದಿನಾ ಇದೇ ಗಾಡಿಗೆ ಬರುದು. ಸಾರಿ ಆಯ್ತಾ, ಮೊದ್ಲೇ ಹೇಳ್ಬೇಕಂತ ಇತ್ತು. ಆದ್ರೆ ಆ ಇಸ್ತ್ರಿಪೆಟ್ಟಿಗೆ ಎಂತ ಆಯ್ತು ಅಂತ ಕೇಳ್ಲಿಕ್ಕೆ ಇತ್ತಲ್ಲ."

ನನಗೆ ನಗು ತಡೆಯಲಾಗಲಿಲ್ಲ. ಅವಳೂ ಕೂಸು ಏಳದ ಹಾಗೆ ಬಾಯಿಗೆ ಸ್ಕಾರ್ಫ್ ಒತ್ತಿಕೊಂಡು ನಕ್ಕಳು. ನಮ್ಮವರು ಸ್ವಲ್ಪ ಹೊತ್ತು ಏಸಿ ಕಿಂಡಿಗಳನ್ನು ನೋಡಿದರು. ಆಮೇಲೆ ಅವಳ ಕಡೆ ಬಾಗಿ, "ಇಸ್ತ್ರಿಪೆಟ್ಟಿಗೆ ವಾಪಸ್ ಬರ್ಲೇ ಇಲ್ಲಮ್ಮ," ಎಂದು ಗಂಭೀರವಾಗಿ ಹೇಳಿದರು. ಆ ಮಾತಿನಲ್ಲಿ ತಮ್ಮ ಸ್ಟೇಶನ್ ಬಂದದ್ದೂ ತಿಳಿಯದೆ, ನನ್ನ ಜೊತೆ ಮುಂದಿನ ಸ್ಟೇಶನ್ ತನಕ ಬಂದು ಇಳಿದರು.

ಆ ಪುತ್ತೂರಿನವಳ ಮೂಲಕವೇ ನಮಗೆ ಇನ್ನೊಂದು ವಿಷಯ ತಿಳಿಯಿತು. ದಿನಕ್ಕೆ ಆರು ರಿಯಾಲ್ ಆದ ಮೇಲೆ ಕಾರ್ಡಿನಿಂದ ಮತ್ತೆ ದುಡ್ಡು ಹೋಗುವುದಿಲ್ಲ; ಎಷ್ಟು ಬೇಕಾದರೂ ಸುತ್ತಬಹುದು. ಇದನ್ನು ಕೇಳಿದ ದಿನ ನಮ್ಮವರ ಕಣ್ಣು ಅರಳಿತು. ಮುಂದಿನ ಶುಕ್ರವಾರ ಚರ್ಚಿನಲ್ಲಿ ಪೂಜೆ ಮುಗಿಸಿ, ಊಟ ಮಾಡಿ, ಮಗಳನ್ನೂ ಎಬ್ಬಿಸಿಕೊಂಡು ಹೊರಟರು. ನಾವು ದಿನಾ ಹೋಗುವ ಕೆಂಪು ಲೈನಿನ ಆ ತುದಿಗೆ ಹೋದೆವು. ಅಲ್ಲಿಂದ ಹಿಂದೆ ಬಂದು ನಡುವಿನ ದೊಡ್ಡ ಸ್ಟೇಶನ್ನಿನಲ್ಲಿ ಇಳಿದು ಇನ್ನೊಂದು ಲೈನು ಹಿಡಿದೆವು. ಯಾವ ಸ್ಟೇಶನ್ನಿನಲ್ಲೂ ನಮಗೇನೂ ಕೆಲಸವಿರಲಿಲ್ಲ. ಅವರು ಪ್ರತಿ ಕಡೆ ಇಳಿದು ಸುತ್ತ ನೋಡಿ, "ಚಂದ ಕಟ್ಟಿದ್ದಾರೆ," ಎಂದು ಒಪ್ಪಿಗೆ ಕೊಡುವರು. ಮಗಳು ಕಿವಿಗೆ ಇಯರ್‌ಫೋನ್ ಸಿಕ್ಕಿಸಿಕೊಂಡು, ಈ ಗಂಡ ಹೆಂಡತಿ ಯಾರೋ ತನಗೆ ಗೊತ್ತಿಲ್ಲ ಎನ್ನುವ ಹಾಗೆ ಎರಡು ಸೀಟು ಬಿಟ್ಟು ಕೂರುವಳು.

ಮೂರನೆಯ ಲೈನಿಗೆ ಎದ್ದಾಗ ಅವಳು ಇಯರ್‌ಫೋನ್ ತೆಗೆದು, "ಡ್ಯಾಡಿ, ಪ್ಲೀಸ್, ಖಲಾಸ್. ಹಸಿವಾಗ್ತಿದೆ," ಎಂದಳು.

"ಇದೊಂದು ಉಂಟು ಮಗಾ, ಹಸಿರು ಲೈನು. ಇದಕ್ಕೆ ದುಡ್ಡಿಲ್ಲ," ಎಂದು ಅವರು ನನ್ನ ಕೈ ಹಿಡಿದುಕೊಂಡು ಎಸ್ಕಲೇಟರ್ ಕಡೆ ನಡೆದೇಬಿಟ್ಟರು. ಮಗಳು ಗೊಣಗುತ್ತಾ ಹಿಂದೆ ಬಂದಳು.