ಚಕ್ರಪಾಣಿ ಭಾವನ ಪಿಸ್ತೂಲಿಗೆ ಗಂಧ

ನನ್ನ ಭಾವನ ಹೆಸರು ಚಕ್ರಪಾಣಿ. ಹೆಸರಿನಲ್ಲಿ ಆಯುಧವಿದ್ದದ್ದು ಸಾಲದೆಂದು ಐವತ್ತು ದಾಟಿದ ಮೇಲೆ ಸೊಂಟಕ್ಕೂ ಒಂದು ಸಿಕ್ಕಿಸಿಕೊಂಡರು. ಊರು ಮೈಸೂರು, ಮನೆ ಅಮೆರಿಕದ ಮಿಲ್ ಕ್ರೀಕ್‌ನಲ್ಲಿ, ಬೆಲ್ವ್ಯೂನ ಒಂದು ಕಂಪನಿಯಲ್ಲಿ ಸಾಫ್ಟ್‌ವೇರ್ ಟೆಸ್ಟಿಂಗ್ ಕೆಲಸ. ಇನ್ನೊಬ್ಬರು ಮಾಡಿದ್ದರಲ್ಲಿ ಹುಳುಕು ಹುಡುಕಿ ಸಂಬಳ ಎಣಿಸುವ ಉದ್ಯೋಗ. ಮನೆಯಲ್ಲೂ ಅದೇ ಚಾಳಿ. ಅಕ್ಕ ಮಾಡಿದ ಸಾರಿಗೂ ಪಾಸು, ಫೇಲು ಎನ್ನುತ್ತಿದ್ದರು. ನಮ್ಮ ಮಧುರಕ್ಕ ಅದನ್ನು ತಮಾಷೆಯೆಂದುಕೊಂಡು ಇಷ್ಟು ವರ್ಷ ನಕ್ಕುಕೊಂಡು ಬಂದಳು. ನನಗೆ ಯಾವತ್ತೂ ನಗು ಬಂದದ್ದಿಲ್ಲ.

ಪಿಸ್ತೂಲು ಮನೆಗೆ ಬರಲು ಕಾರಣ ಒಂದು ಕಳ್ಳತನ. ಸ್ನೇಹಿತರ ಗೃಹಪ್ರವೇಶಕ್ಕೆ ಹೋಗಿ ಬರುವಷ್ಟರಲ್ಲಿ ಯಾರೋ ಹಿಂಬಾಗಿಲ ಗಾಜು ಒಡೆದು, ನೇರವಾಗಿ ದೇವರ ಗೂಡಿನ ಕೆಳಗಿನ ಡ್ರಾಯರಿಗೇ ಕೈ ಹಾಕಿ, ನಮ್ಮಮ್ಮ ಕೊಟ್ಟಿದ್ದ ಬಳೆ, ಸರ ಎಲ್ಲವನ್ನೂ ಬಳಿದುಕೊಂಡು ಹೋಗಿದ್ದರು. ಅಕ್ಕ ಅತ್ತು ಸುಮ್ಮನಾದಳು. ಭಾವ ಸುಮ್ಮನಾಗಲಿಲ್ಲ. ಶೂಟಿಂಗ್ ರೇಂಜಿಗೆ ಸೇರಿದರು, ಲೈಸೆನ್ಸ್ ಮಾಡಿಸಿದರು, ಭಾನುವಾರದ ಪಂದ್ಯಗಳಿಗೆ ಹೋಗತೊಡಗಿದರು. ಕೈ ಕುದುರಿದ ಮೇಲೆ ಅಂಗಡಿಯಲ್ಲಿ ಸಿಗುವ ಮಾಲು ಸಪ್ಪೆಯೆನಿಸಿತು. ಬೇರೆ ರಾಜ್ಯದಲ್ಲಿದ್ದ ಒಬ್ಬ ಕುಶಲಕರ್ಮಿಗೆ ಹೇಳಿ, ವರ್ಷಕ್ಕೂ ಮೀರಿ ಕಾದು, ತಮ್ಮ ಕೈಯಳತೆಗೆ ಹೊಂದುವಂಥದ್ದನ್ನು ಮಾಡಿಸಿಕೊಂಡರು. ಮಗಳು ಹುಟ್ಟುವಾಗಲೂ ಅವರು ಅಷ್ಟು ತವಕದಿಂದ ಕಾದಿರಲಿಲ್ಲ.

ಸುಳ್ಳೇಕೆ ಹೇಳಲಿ, ಚೆಲುವಾದ ವಸ್ತು. ಮೇಲುಭಾಗದ ಸ್ಲೈಡ್ ಎಳೆದರೆ ಎಣ್ಣೆ ಬಿಟ್ಟ ಚಿಲಕದಂತೆ ಸದ್ದಿಲ್ಲದೆ ಜಾರುತ್ತಿತ್ತು. ಭಾವ ಊಟಕ್ಕೆ ಕೂತಾಗಲೆಲ್ಲ ಅದರದೇ ವಿಮರ್ಶೆ. ಇಂಥ ಬಿಗಿ ಜೋಡಣೆ ಪಂದ್ಯಕ್ಕೆ ಹೇಳಿ ಮಾಡಿಸಿದ್ದು, ಗುಂಡು ಗುರಿಯಿಟ್ಟ ಕಡೆಗೇ ಹೋಗುತ್ತದೆ. ಆದರೆ ದಿನವೂ ಸೊಂಟದಲ್ಲಿ ಹೊತ್ತು ತಿರುಗುವ ಪಿಸ್ತೂಲಿಗೆ ಬೆವರು, ಧೂಳು, ಬಟ್ಟೆಯ ಜುಂಗು ಎಲ್ಲ ತಾಗುತ್ತದೆ. ಅದಕ್ಕೆ ಸ್ವಲ್ಪ ಸಡಿಲವಿದ್ದರೇ ವಾಸಿ ಎನ್ನುವವರಿದ್ದಾರೆ. ಎರಡಕ್ಕೂ ಒಂದೇ ಸಾಕೆಂದು ತೋರಿಸಿಕೊಡುವುದು ಭಾವನ ಹಟ. ಅದಕ್ಕಾಗಿ ಮನೆಯೊಳಗೂ ಅದನ್ನು ಕಟ್ಟಿಕೊಂಡೇ ಓಡಾಡತೊಡಗಿದರು.

ಮನೆ ಒಡೆದದ್ದು ಅಲ್ಲಿ. ಮಗಳು ಅಕ್ಷಯಾ ಚಿಕ್ಕವಳಿದ್ದಾಗ, ಶಾಲೆಯ ಹತ್ತಿರ ಯಾರೋ ಬಂದೂಕು ಹಿಡಿದು ಬಂದಿದ್ದಾರೆಂದು ಸುದ್ದಿಯಾಗಿ, ಮಕ್ಕಳನ್ನೆಲ್ಲ ದೀಪ ಆರಿಸಿ ಡೆಸ್ಕಿನಡಿ ಕೂರಿಸಿದ್ದರು. ಸುದ್ದಿ ಸುಳ್ಳೆಂದು ಆಮೇಲೆ ತಿಳಿಯಿತು. ಮಗು ಮಾತ್ರ ಆ ವರ್ಷವಿಡೀ ದೀಪ ಆರಿಸಿ ಮಲಗಲಿಲ್ಲ. ಈಗ ಪಕ್ಕದ ಊರಿನ ಕಾಲೇಜಿನಲ್ಲಿದ್ದಾಳೆ. ಯುಗಾದಿಗೆ ಬಂದವಳು ಅಪ್ಪನ ಅಂಗಿಯ ಕೆಳಗಿನ ಉಬ್ಬು ನೋಡಿ ತಟ್ಟೆ ಬಿಟ್ಟು ಎದ್ದಳು. ತಿಜೋರಿಯಲ್ಲಿಟ್ಟರೆ ತನ್ನದೇನೂ ತಕರಾರಿಲ್ಲ, ಊಟದ ಮೇಜಿಗೆ ತಂದರೆ ಮನೆಗೆ ಬರುವುದಿಲ್ಲ ಎಂದು ಇಂಗ್ಲಿಷಿನಲ್ಲಿ ಹೇಳಿ ಹೊರಟುಹೋದಳು. ಭಾವ ಅದನ್ನು ಹುಡುಗಾಟವೆಂದರು. ಅವಳು ಮತ್ತೆ ಬರಲಿಲ್ಲ.

ದೀಪಾವಳಿಗಾದರೂ ಮಗಳು ಬರಲೆಂದು ಅಕ್ಕ ಒಂದು ಮಾತು ತೆಗೆದುಕೊಂಡಳು.

"ರೀ, ಒಂದೇ ಒಂದು ಸಲ ಅದು ಕೈಕೊಟ್ರೆ ಸೊಂಟದಿಂದ ತೆಗೀತೀರಾ?"

"ಕೈಕೊಟ್ರೆ ಫೇಲ್ ಅಂತಲೇ ಅರ್ಥ. ತಿಜೋರಿಯಲ್ಲಿಟ್ಟುಬಿಡ್ತೀನಿ, ಪಂದ್ಯಕ್ಕೆ ಮಾತ್ರ ತೆಗೀತೀನಿ," ಎಂದರು ಭಾವ.

ಬೇಸಿಗೆಯೆಲ್ಲ ಕಳೆಯಿತು. ಹಾಳಾದ್ದು ಒಮ್ಮೆಯೂ ಕೈಕೊಡಲಿಲ್ಲ.

ಆಯುಧಪೂಜೆ ಶನಿವಾರ ಬಿತ್ತು. ನಾನೂ ಹೋಗಿದ್ದೆ. ದೇವರ ಮುಂದೆ ಲ್ಯಾಪ್‌ಟಾಪು, ಕಾರಿನ ಕೀಲಿ, ಈಳಿಗೆಮಣೆ. ನಡುವೆ ಮಣೆಯ ಮೇಲೆ ಪಿಸ್ತೂಲು. ಗುಂಡಿಲ್ಲವೆಂದು ಎಲ್ಲರಿಗೂ ಕಾಣಲಿ ಎಂದು ಭಾವ ಸ್ಲೈಡನ್ನು ಹಿಂದಕ್ಕೆಳೆದು ತೆರೆದಿಟ್ಟಿದ್ದರು. ಅವರು ಕಾರಿನ ಚಕ್ರದಡಿ ನಿಂಬೆಹಣ್ಣಿಡಲು ಗ್ಯಾರೇಜಿಗೆ ಹೋದಾಗ ಅಕ್ಕ ತೇದ ಗಂಧವನ್ನು ಬೆರಳ ತುಂಬ ತೆಗೆದು ಅದಕ್ಕೆ ಹಚ್ಚುತ್ತಿದ್ದಳು. ಇವಳಿಗೆ ಇದರ ಮೇಲೆ ಇಷ್ಟು ಭಕ್ತಿ ಯಾವಾಗ ಬಂತು ಎಂದುಕೊಂಡೆ. ಮಂಗಳಾರತಿಗೆ ಮುಂಚೆ ಭಾವ ಸ್ಲೈಡ್ ಮುಚ್ಚಿದರು. ಪೂಜೆ ಮಾಡಿದ ಆಯುಧವನ್ನು ಆ ದಿನ ಮುಟ್ಟಬಾರದು, ಕುಂಕುಮ ಒರೆಸಬಾರದು ಎಂಬ ಅವರ ಮನೆಯ ಪದ್ಧತಿಯಂತೆ ಹಾಗೆಯೇ ಬಿಟ್ಟರು.

ಮರುದಿನ ವಿಜಯದಶಮಿ, ಪಂದ್ಯ. ನಾನೂ ಜೊತೆಗೆ ಹೋದೆ. ಕುಂಕುಮದ ಬೊಟ್ಟಿನ ಸಮೇತ ಪಿಸ್ತೂಲು ಹಿಡಿದು ಭಾವ ಠೀವಿಯಿಂದ ನಿಂತರು. ಮೊದಲ ಗುಂಡು ಹೋಯಿತು. ಸ್ಲೈಡ್ ಅರ್ಧಕ್ಕೇ ಕಚ್ಚಿಕೊಂಡು ನಿಂತಿತು. ತಟ್ಟಿದರು, ಎಳೆದರು, ಜಗ್ಗಲಿಲ್ಲ. ಪಕ್ಕದವರು ಕನಿಕರದಿಂದ ನೋಡಿದರು. ನನಗೆ ಒಳಗೊಳಗೇ ಎಷ್ಟು ಖುಷಿಯಾಯಿತೆಂದರೆ, ಅಲ್ಲಿಂದಲೇ ಅಕ್ಕನಿಗೆ ಮೆಸೇಜ್ ಹಾಕಿದೆ. ಆಕೆ ಕೂಡಲೇ ಮಗಳಿಗೆ ಫೋನ್ ಮಾಡಿದಳಂತೆ.

ಮನೆಗೆ ಬಂದು ಭಾವ ಊಟದ ಮೇಜಿನ ಮೇಲೆ ಹಳೇ ಟವೆಲ್ ಹಾಸಿ ಪಿಸ್ತೂಲನ್ನು ಬಿಚ್ಚಿದರು. ಸ್ಲೈಡ್ ಜಾರುವ ಜಾಡಿನುದ್ದಕ್ಕೂ ಗಂಧ ಒಣಗಿ ಗಾರೆಯಂತೆ ಕೂತಿತ್ತು. ನೋಡಿದ್ದೇ ತಡ, ಮುಖ ಅರಳಿತು. ಕಡ್ಡಿಯಿಂದ ಕೆರೆಯುತ್ತ ನಕ್ಕರು. ಪಿಸ್ತೂಲಿನದೇನೂ ತಪ್ಪಿಲ್ಲ, ಪೂಜೆಯ ಎಡವಟ್ಟು ಇದು, ಲೆಕ್ಕಕ್ಕಿಲ್ಲ ಎಂದರು.

ಅಕ್ಕ ಅಡುಗೆಮನೆಯಿಂದ ಬಂದು ಎದುರಿಗೆ ಕೂತಳು.

"ಎಡವಟ್ಟಲ್ಲ ರೀ. ಬೇಕು ಅಂತಲೇ ತುಂಬಿದ್ದು ನಾನು. ಮಗಳು ಮನೆಗೆ ಬರಲಿ ಅಂತ."

ಭಾವ ಕೆರೆಯುವುದನ್ನು ನಿಲ್ಲಿಸಿದರು. ಈಗಲಾದರೂ ಹೆಂಡತಿಯ ಮುಖ ನೋಡುತ್ತಾರೆ ಎಂದುಕೊಂಡೆ. ಅವರು ನೋಡಿದ್ದು ಕೈಯಲ್ಲಿದ್ದ ಕಬ್ಬಿಣವನ್ನು.

"ಹಾಗಾದ್ರೆ ಪಾಸ್," ಎಂದರು.

ಜೀವನದಲ್ಲಿ ಒಬ್ಬ ಹಿರಿಯರ ಕೆನ್ನೆಗೆ ಬಾರಿಸಬೇಕೆಂದು ನನ್ನ ಕೈ ತುರಿಸಿದ್ದು ಅವತ್ತೇ ಮೊದಲು. ಅಕ್ಕ ನನ್ನ ತೋಳು ಹಿಡಿದುಕೊಂಡಳು. ಆಕೆಯ ಬೆರಳುಗಳಲ್ಲಿ ಇನ್ನೂ ಗಂಧದ ವಾಸನೆಯಿತ್ತು.

ದೀಪಾವಳಿಗೆ ಅಕ್ಷಯಾ ಬರಲಿಲ್ಲ. ಅಕ್ಕ ಹೋಳಿಗೆಯನ್ನು ಡಬ್ಬಿಗೆ ಹಾಕಿ, ಬಸ್ಸು ಹಿಡಿದು, ಹಾಸ್ಟೆಲಿಗೇ ಕೊಂಡುಹೋಗಿ ಕೊಟ್ಟು ಬಂದಳು. ಭಾವ ಸೊಂಟದಲ್ಲಿ ಪಿಸ್ತೂಲಿಟ್ಟುಕೊಂಡೇ ಉಂಡು, ಹೋಳಿಗೆ ಪಾಸು ಎಂದರಂತೆ. ಮಲಗುವಾಗ ಮಾತ್ರ ಅದನ್ನು ತಿಜೋರಿಯಲ್ಲಿಡುತ್ತಾರೆ. ಆ ತಿಜೋರಿಯ ನಂಬರು ಮೊದಲು ಮಗಳು ಹುಟ್ಟಿದ ದಿನಾಂಕವಾಗಿತ್ತು, ಗಂಡಹೆಂಡಿರಿಬ್ಬರಿಗೂ ಗೊತ್ತಿತ್ತು. ಈಗ ಭಾವ ಅದನ್ನು ಬದಲಾಯಿಸಿದ್ದಾರೆ. ಅಕ್ಕನಿಗೆ ಹೇಳಿಲ್ಲ.