ನಿಲಾಯ್‌ನಲ್ಲಿ ಬೂಬೂ ನಡೆಸಿದ ಚುನಾವಣೆ

ಲಿಫ್ಟಿನ ಬಾಗಿಲು ತೆರೆದಾಗ ಮೊದಲು ಕಾಣುತ್ತಿದ್ದದ್ದು ಅವರ ಕೂದಲು. ತಲೆಯ ಸುತ್ತ ಗುಂಡಗೆ, ದಟ್ಟವಾಗಿ ನಿಂತ ಬಿಳಿ ಗುಂಗುರು ಕೂದಲು. ಮಾಸ್ಕಿನ ದಾರ ಅದರೊಳಗೆ ಎಲ್ಲೋ ಮಾಯವಾಗುತ್ತಿತ್ತು. ಗಂಡಸರಿಗೂ ಮೀರಿದ ಎತ್ತರ, ಅಗಲವಾದ ಭುಜ. ಆ ದೇಹದಿಂದ ನಗು ಹೊರಟರೆ ಕಾರಿಡಾರಿನ ಕೊನೆಯ ಮನೆಯವರೂ ಬಾಗಿಲು ತೆಗೆದು ನೋಡುತ್ತಿದ್ದರು.

ಅವರನ್ನು ನಾವು ಬೂಬೂ ಎನ್ನುತ್ತಿದ್ದೆವು. ಫಿಜಿಯವರ ಭಾಷೆಯಲ್ಲಿ ಅಜ್ಜಿ ಎಂದರ್ಥ. ಮಲೇಷ್ಯಾದಲ್ಲಿ ನಾನು ಪಾಠ ಮಾಡುವ ಮೆಡಿಕಲ್ ಕಾಲೇಜಿನಲ್ಲೇ ಅವರ ಮಗಳಿಗೂ ಕೆಲಸ. ನಿಲಾಯ್‌ನಲ್ಲಿ ನಮ್ಮ ಎದುರು ಫ್ಲ್ಯಾಟು. ಮಗಳನ್ನು ನೋಡಿಕೊಂಡು ಹೋಗಲು ಬಂದಿದ್ದ ಬೂಬೂ ಕೋವಿಡ್ಡಿನಿಂದ ಗಡಿಗಳು ಮುಚ್ಚಿದಾಗ ಇಲ್ಲೇ ಉಳಿದುಬಿಟ್ಟರು. ರಜೆಗೆಂದು ಉಡುಪಿಗೆ ಹೋಗಿದ್ದ ನನ್ನ ಗಂಡ ಅಲ್ಲಿ ಸಿಕ್ಕಿಕೊಂಡರು; ಇಲ್ಲಿ ಉಳಿದವರು ನಾನು, ನನ್ನ ಮಗಳು. ಹೀಗಾಗಿ ನಮ್ಮ ನಮ್ಮ ಬಾಗಿಲಲ್ಲಿ ಕುರ್ಚಿ ಹಾಕಿಕೊಂಡು ನಾವಿಬ್ಬರೂ ದಿನಾ ಹರಟೆಗೆ ಕೂರತೊಡಗಿದೆವು. ಅವರದು ಫಿಜಿಯ ಹಿಂದಿ, ನನ್ನದು ಶಾಲೆಯಲ್ಲಿ ಕಲಿತ ಹಿಂದಿ. ಎರಡೂ ಕೈಕೊಟ್ಟಲ್ಲಿ ಇಂಗ್ಲಿಷು.

“ನಿಮಗೆ ಹಿಂದಿ ಹೇಗೆ ಬಂತು?” ಎಂದು ಮೊದಲ ವಾರವೇ ಕೇಳಿದ್ದೆ.

“ವೋಟು ಕೇಳಿ ಕೇಳಿ” ಎಂದು ನಕ್ಕರು.

ಅವರು ಮಂತ್ರಿಯಾಗಿದ್ದವರು ಎಂಬುದು ನನಗೆ ಗೊತ್ತಾದದ್ದು ಆಗಲೇ. ಹಳ್ಳಿ ಹಳ್ಳಿ ತಿರುಗಿ ಹೆರಿಗೆ ಮಾಡಿಸುತ್ತಿದ್ದ ನರ್ಸು ಅವರು. ದೋಣಿ ಸಿಗದೆ, ಆಸ್ಪತ್ರೆ ತಲುಪದೆ ಸತ್ತ ಒಬ್ಬ ಬಾಣಂತಿಯನ್ನು ಕಂಡ ಮೇಲೆ ಚುನಾವಣೆಗೆ ನಿಲ್ಲುವ ಹಟ ಹಿಡಿದಿತ್ತಂತೆ. ಅವರ ಕಡೆಯಿಂದ ಅದುವರೆಗೆ ಯಾವ ಹೆಂಗಸೂ ನಿಂತಿರಲಿಲ್ಲ. ಕ್ಷೇತ್ರದಲ್ಲಿ ಅವರ ಜನರ ಹಳ್ಳಿಗಳೂ ಇದ್ದವು, ಭಾರತದಿಂದ ಕಬ್ಬಿನ ಕೂಲಿಗೆ ಹೋದವರ ಮೊಮ್ಮಕ್ಕಳ ಊರುಗಳೂ ಇದ್ದವು. ಇಬ್ಬರೂ ಬೇಕು ಎಂದು ಬೂಬೂ ಹಿಂದಿ ಕಲಿತರು.

ಒಂದು ಸಭೆಯಲ್ಲಿ, ಊಟವಾದ ಮೇಲೆ, ಹಿರಿಯನೊಬ್ಬ ಎದ್ದು ಕೇಳಿದನಂತೆ: “ನೀನು ಸಂಸತ್ತಿಗೆ ಹೋದರೆ ನಿನ್ನ ಗಂಡನಿಗೆ ಗೆಣಸು ಬೇಯಿಸಿ ಹಾಕೋರು ಯಾರು?”

ಬೂಬೂ ಗಂಡನನ್ನು ಕರೆದು ಎದ್ದುನಿಲ್ಲಲು ಹೇಳಿದರು. “ಈಗ ನೀವು ಉಂಡ ಗೆಣಸು ಬೇಯಿಸಿದ್ದು ಇವನೇ. ರುಚಿಯಾಗಿತ್ತಲ್ಲ?”

ಸಭೆಯೆಲ್ಲ ಬಿದ್ದು ಬಿದ್ದು ನಕ್ಕಿತು. ಆದರೂ ಆ ಸಲ ಸೋತರು. ಮುಂದಿನ ಸಲ ಗೆದ್ದರು. ಗೆದ್ದು ಹೆಚ್ಚು ಕಾಲವಾಗುವ ಮೊದಲೇ ಬಂದೂಕು ಹಿಡಿದವರು ಸರ್ಕಾರವನ್ನು ಕಿತ್ತೆಸೆದರು. ಮರುದಿನ ಬೂಬೂ ಹಳೆಯ ನರ್ಸ್ ಸಮವಸ್ತ್ರ ತೊಟ್ಟು ಹಳ್ಳಿಯ ಕ್ಲಿನಿಕ್ಕಿಗೆ ಹೋದರು. “ಅವರು ಕಿತ್ತುಕೊಂಡದ್ದು ನನ್ನ ಕುರ್ಚಿ ಮಾತ್ರ. ಕೆಲಸ ನನ್ನ ಹತ್ತಿರವೇ ಇತ್ತಲ್ಲ” ಎನ್ನುತ್ತಿದ್ದರು. ಮತ್ತೆ ಚುನಾವಣೆ ಬಂತು. ಮತ್ತೆ ಗೆದ್ದರು, ಮಂತ್ರಿಯಾದರು. ನದಿಯ ಮೇಲ್ಭಾಗದ ಹಳ್ಳಿಗಳಿಗೆ ಹೆರಿಗೆಯ ದೋಣಿ ಬಂತು.

ಇಂಥವರು ನಮ್ಮ ಕಾರಿಡಾರಿನಲ್ಲಿ ಮರಗೆಣಸಿನ ಸಿಪ್ಪೆ ಸುಲಿಯುತ್ತ ಕೂತಿರುತ್ತಿದ್ದರು.

ಎರಡನೇ ವರ್ಷ ಸೋಂಕು ಜೋರಾದಾಗ ನಮ್ಮ ಕಟ್ಟಡದ ಮೂರನೇ ಮಹಡಿಗೂ ಬಂತು. ಅಲ್ಲಿನ ಎರಡು ಫ್ಲ್ಯಾಟುಗಳಲ್ಲಿ ಕೈಗವಸಿನ ಕಾರ್ಖಾನೆಯ ಹುಡುಗಿಯರಿದ್ದರು, ನೇಪಾಳದವರು. ಕೆಲವರಿಗೆ ಜ್ವರ ಬಂದು ಎಲ್ಲರೂ ಬಾಗಿಲು ಹಾಕಿಕೊಂಡು ಉಳಿಯಬೇಕಾಯಿತು. ನಿವಾಸಿಗಳ ಸಂಘದ ಅಧ್ಯಕ್ಷರು ಅವರಿಗೆ ಹೊರಗಿನಿಂದ ಏನೂ ಹೋಗದಂತೆ ಗೇಟಿನಲ್ಲೇ ತಡೆಸಿದರು. ಮನೆ ಮಾಲೀಕರಿಗೆ ಹೇಳಿ ಅವರನ್ನು ಖಾಲಿ ಮಾಡಿಸಬೇಕು, ಶನಿವಾರದ ಆನ್‌ಲೈನ್ ಸಭೆಯಲ್ಲಿ ನಿರ್ಧಾರ ಎಂದು ವಾಟ್ಸ್ಆ್ಯಪ್ ಗುಂಪಿನಲ್ಲಿ ಹಾಕಿದರು. ಅದು ತಪ್ಪು ಎಂದು ನಾನು ಬರೆದೆ. ಯಾರೂ ಉತ್ತರಿಸಲಿಲ್ಲ.

ಬೂಬೂಗೆ ಹೇಳಿದೆ. ಅವರ ಚಾಕು ನಿಂತಿತು.

“ಬರೆದರೆ ಬೆರಳಲ್ಲಿ ಸರಿಸಿ ಮುಂದೆ ಹೋಗ್ತಾರೆ ಬೇಟಿ. ಫೋನ್ ಮಾಡು. ಹೆಂಗಸರಿಗೆ ಮಾಡು. ಮೊದಲು ಅವರು ಹೇಳೋದನ್ನ ಕೇಳು, ನಿನ್ನ ಮಾತು ಆಮೇಲೆ.”

“ಬೂಬೂ, ನಂಗೆ ಕ್ಲಾಸಲ್ಲಿ ಪಾಠ ಮಾಡೋಕೆ ಬರುತ್ತೆ. ಇದೆಲ್ಲ ಬರಲ್ಲ.”

“ನಂಗೂ ಬರ್ತಿರಲಿಲ್ಲ. ಹೂಂ, ಎತ್ತು ಫೋನು.”

ಎದುರಿಗೇ ಕೂತು ಮಾಡಿಸಿದರು. ನಾನು ಅವಸರದಲ್ಲಿ ನನ್ನ ವಾದಕ್ಕೆ ಇಳಿದಾಗಲೆಲ್ಲ ಅಂಗೈ ಎತ್ತಿ ತಡೆಯುತ್ತಿದ್ದರು. ಕೆಳಗಿನ ಮಹಡಿಯ ತಮಿಳು ಅಕ್ಕ ಆಸ್ಪತ್ರೆ ಸೇರಿದ ತಮ್ಮನನ್ನು ನೆನೆದು ಬಹಳ ಹೊತ್ತು ಅತ್ತರು. ಮಲಯ್ ಟೀಚರಮ್ಮನಿಗೆ ತನ್ನ ಪುಟ್ಟ ಮಗುವಿನ ಚಿಂತೆ. ಸೋಂಕು ಬಾಗಿಲು ದಾಟಿ ಹೇಗೆ ಬರುತ್ತದೆ, ಹೇಗೆ ಬರುವುದಿಲ್ಲ ಎಂದು ಬಿಡಿಸಿ ಹೇಳಿದೆ. ಮಂಗಳೂರಿನ ಎಂಜಿನಿಯರೊಬ್ಬರ ಹೆಂಡತಿ ನನ್ನ ಮಾತು ಮುಗಿಯಲೂ ಬಿಡಲಿಲ್ಲ:

“ಹೌದು ಮಾರಾಯ್ರೆ! ಆ ಮಕ್ಕಳಿಗೆ ಊಟಕ್ಕೆ ಉಂಟಾ ಇಲ್ವಾ ಅಂತ ನಾನೂ ಹೇಳಿಕೊಳ್ತಾ ಇದ್ದೆ. ನೀವು ಶುರು ಮಾಡಿ. ಹಿಂದಿನಿಂದ ನಾನುಂಟು.”

ಶನಿವಾರ ಸಭೆ ಶುರುವಾಯಿತು. ಬೂಬೂ ನಮ್ಮ ಮನೆಯೊಳಗೆ, ಕ್ಯಾಮೆರಾಗೆ ಕಾಣದ ಹಾಗೆ, ಕಿಟಕಿ ಪಕ್ಕ ಮಾಸ್ಕ್ ಹಾಕಿಕೊಂಡು ಕೂತಿದ್ದರು. ಅಧ್ಯಕ್ಷರು, “ಎಲ್ಲಾ ಸೇಫ್ಟಿಗಾಗಿ ಲಾ. ಯಾರದೂ ಆಕ್ಷೇಪ ಇಲ್ಲ ಅಂದ್ಕೋತೀನಿ” ಎಂದರು, ಮಲೇಷ್ಯಾದವರ ರೂಢಿಯಂತೆ ಮಾತಿಗೊಂದು ‘ಲಾ’ ಸೇರಿಸಿ.

“ನನ್ನದಿದೆ” ಎಂದೆ. ಬೂಬೂ ಕಣ್ಣಲ್ಲೇ ಮುಂದುವರಿ ಎಂದರು. ಜ್ವರ ಬಂದವರನ್ನು ಬೀದಿಗೆ ಹಾಕಿದರೆ ಸೋಂಕು ಹೋಗುವುದಿಲ್ಲ, ಹರಡುತ್ತದೆ ಎಂದೆ. ಆ ಹುಡುಗಿಯರು ಮಾಡಿದ ಕೈಗವಸು ತೊಟ್ಟುಕೊಂಡೇ ನಮ್ಮ ಮನೆಯವರಿಗೆಲ್ಲ ಆಸ್ಪತ್ರೆಯಲ್ಲಿ ಶುಶ್ರೂಷೆ ನಡೆಯುತ್ತಿದೆ ಎಂದೆ.

ಅಧ್ಯಕ್ಷರು ಏನೋ ಹೇಳಹೊರಟರು. ಅಷ್ಟರಲ್ಲಿ ಮಂಗಳೂರಿನವರ ಮೈಕು ತೆರೆಯಿತು. ಹಿಂದೆಯೇ ತಮಿಳು ಅಕ್ಕನದು, ಟೀಚರಮ್ಮನದು. ಕೈ ಎತ್ತಿಸಿ ನೋಡಿದಾಗ ಖಾಲಿ ಮಾಡಿಸುವ ಮಾತಿಗೆ ಬೆಂಬಲವೇ ಇರಲಿಲ್ಲ. ಆ ಸಂಜೆಯಿಂದ ಮೂರನೇ ಮಹಡಿಯ ಬಾಗಿಲುಗಳ ಮುಂದೆ ಗಂಜಿ, ಸಾಂಬಾರು, ತೆಂಗಿನಹಾಲಲ್ಲಿ ಬೇಯಿಸಿದ ನಾಸಿ ಲೆಮಾಕ್ ಅನ್ನ ಸಾಲಾಗಿ ಬಂದು ಕೂತವು. ಹುಡುಗಿಯರೆಲ್ಲ ಗುಣವಾದರು.

ಬೇಸತ್ತ ಅಧ್ಯಕ್ಷರು, “ಅಷ್ಟು ಗೊತ್ತಿದ್ರೆ ನೀವೇ ನಡೆಸಿ ಲಾ” ಎಂದು ರಾಜೀನಾಮೆ ಕೊಟ್ಟರು. ಅವರು ವ್ಯಂಗ್ಯಕ್ಕೆ ಹೇಳಿದ್ದು. ಬೂಬೂ ಅದನ್ನು ಆಹ್ವಾನವೆಂದೇ ತೆಗೆದುಕೊಂಡರು. “ಕುರ್ಚಿ ಖಾಲಿಯಾಗಿದೆ. ಇನ್ನೇನು ಬೇಕು?” ಎಂದು ಮಹಡಿ ಮಹಡಿ ಹತ್ತಿ, ದೂರ ನಿಂತು, ಕಿಟಕಿಗಳ ಹೊರಗಿನಿಂದಲೇ ನನ್ನ ಪರ ಪ್ರಚಾರ ಮಾಡಿದರು. ನಾನು ಗೆದ್ದೆ. ಆ ಸಂಘಕ್ಕೆ ಹೆಂಗಸೊಬ್ಬಳು ಅಧ್ಯಕ್ಷೆಯಾದದ್ದು ಅದೇ ಮೊದಲು. ಫಲಿತಾಂಶ ಕೇಳಿ ಬೂಬೂ ಹಾಕಿದ ಕೇಕೆಗೆ ಸ್ನಾನದ ಮನೆಯಲ್ಲಿದ್ದ ನನ್ನ ಮಗಳು, “ಅಮ್ಮಾ, ವಾಟ್ ಹ್ಯಾಪನ್ಡ್?” ಎಂದು ಹೆದರಿ ಓಡಿಬಂದಳು.

ಗಡಿ ತೆರೆದ ಕೂಡಲೇ ಬೂಬೂ ಹೊರಟು ನಿಂತರು. ವಿಶ್ರಾಂತಿಗಲ್ಲ, ಅವರ ಕಡೆಯ ಒಬ್ಬ ಯುವತಿ ಚುನಾವಣೆಗೆ ನಿಂತಿದ್ದಳು. ವಿಮಾನ ನಿಲ್ದಾಣದಲ್ಲಿ ನಾನು ಅತ್ತೆ. ಅವರು ಬೈದರು. ಕೆಲವು ತಿಂಗಳ ಮೇಲೆ ಫೋನಿನ ಪರದೆ ತುಂಬ ಅವರ ಮುಖ: “ಗೆದ್ದಳು ಬೇಟಿ, ಗೆದ್ದಳು!” ಹಿಂದೆ ಜನ ಕುಣಿಯುತ್ತಿದ್ದರು. ಆ ಗದ್ದಲದ ನಡುವೆಯೇ ಕೇಳಿದರು: “ನೀನು ಯಾರನ್ನ ತಯಾರು ಮಾಡ್ತಿದ್ದೀಯ?”

ಅದೇ ನಮ್ಮ ಕೊನೆಯ ಮಾತು. ಮರುವರ್ಷ ತಮ್ಮ ಹಳ್ಳಿಯಲ್ಲೇ, ನಿದ್ದೆಯಲ್ಲೇ ಹೋಗಿಬಿಟ್ಟರು. ಅವರ ವಿರುದ್ಧ ಚುನಾವಣೆಗೆ ನಿಂತು ಸೋತವರೂ ಬಂದು ಹೆಗಲು ಕೊಟ್ಟರು ಎಂದು ಬೂಬೂ ಮಗಳು ಹೇಳಿದಳು.

ಸುದ್ದಿ ಬಂದ ವಾರವೇ ನಾನು ಮೂರನೇ ಮಹಡಿಗೆ ಹೋದೆ. ಕೈಗವಸಿನ ಕಾರ್ಖಾನೆಯ ಒಬ್ಬಳು ಹುಡುಗಿ ಬಾಗಿಲು ತೆಗೆದಳು. ಸಂಘದ ಸಮಿತಿಗೆ ನಿಲ್ಲುತ್ತೀಯಾ ಎಂದು ಕೇಳಿದೆ.

“ನನಗೆ ಅದೆಲ್ಲ ಬರಲ್ಲ ಮೇಡಂ” ಎಂದಳು.

ನಾನು ಅಲ್ಲೇ ಚಪ್ಪಲಿ ಬಿಟ್ಟು ಒಳಗೆ ಹೋಗಿ ಕೂತೆ. ಮುಂದಿನ ತಿಂಗಳು ಅವಳು ಗೆದ್ದಳು. ಅಂದು ಕೇಕೆ ಹಾಕಿದವಳು ನಾನು.