ನಾಲ್ಕನೆಯ ಜೋಡಿಯ ಸರದಿ

ಅಂಕಲ್ ಪಿಟೀಲನ್ನು ಗದ್ದದ ಕೆಳಗೆ ಇಡುತ್ತಿರಲಿಲ್ಲ, ಎದೆಗೆ ಒರಗಿಸಿಕೊಳ್ಳುತ್ತಿದ್ದರು. ಹಾಗಾಗಿ ಅವರ ಅಂಗಿಗಳೆಲ್ಲ ಎಡಗಡೆ ಸವೆದು, ಬಿಲ್ಲಿಗೆ ಉಜ್ಜುವ ರಾಳದ ಬಿಳಿ ಪುಡಿ ಜೇಬಿನ ಮೇಲೆ ಉದುರಿರುತ್ತಿತ್ತು. ನುಡಿಸುತ್ತಲೇ ಕುಣಿಯುವವರಿಗೆ ಹೆಜ್ಜೆ ಕೂಗಿ ಹೇಳಬೇಕಿದ್ದರಿಂದ ಅವರಿಗೆ ಬಾಯಿ ಬಿಡುವಾಗಿರಬೇಕಿತ್ತು. "ಬಲಗೈ ಕೊಡಿ! ತಿರುಗಿ! ಜೋಡಿ ಬಿಡ್ಬೇಡಿ, ಯಲ್ಲಾ ಯಲ್ಲಾ!" ಎಂದು ಕೊನೆಗೆ ಅರಬ್ಬಿಯಲ್ಲೇ ಅವಸರಿಸುವರು.

ಸಂಬಂಧದಲ್ಲಿ ಅವರು ನನಗೇನೂ ಅಲ್ಲ. ಕುವೈತಿನ ಮಹಬೂಲಾದಲ್ಲಿ ನಮ್ಮ ಮೇಲಿನ ಮಹಡಿಯವರು, ಮಂಗಳೂರು ಕಡೆಯ ನಮ್ಮದೇ ಕೊಂಕಣಿ ಜನ. ಮೀನಾ ಅಬ್ದುಲ್ಲಾದ ರಿಫೈನರಿಯಲ್ಲಿ ಅವರ ಜೊತೆಗಿದ್ದ ವೆಲ್ಡಿಂಗ್ ಇನ್‌ಸ್ಪೆಕ್ಟರ್ ಒಬ್ಬ ಅಮೆರಿಕದ ಗುಡ್ಡಗಾಡಿನವನು. ನಾಲ್ಕು ಜೋಡಿಗಳು ಚೌಕವಾಗಿ ನಿಂತು ಕುಣಿಯುವ ಅವರ ಕಡೆಯ ಸ್ಕ್ವೇರ್ ಡಾನ್ಸಿಗೆ ನುಡಿಸುವ ಈ ವಿದ್ಯೆ, ಶುಕ್ರವಾರದ ರಜೆಗಳಲ್ಲಿ ಅವನಿಂದ ಕಲಿತದ್ದು. ಅವನು ಊರಿಗೆ ಹೋದ. ವಿದ್ಯೆ ಕುವೈತಿನಲ್ಲೇ ಉಳಿಯಿತು.

ಕತೆ ಹೇಳಲು ಶುರುಮಾಡಿದರೆ ಅಂಕಲ್‌ಗೆ ಚಹಾ ಆರಿದ್ದೂ ತಿಳಿಯುತ್ತಿರಲಿಲ್ಲ. ಐರ್ಲೆಂಡ್, ಸ್ಕಾಟ್ಲೆಂಡಿನ ಬಡವರು ಹಡಗು ಹತ್ತಿದಾಗ ರಾಗಗಳೂ ಜೊತೆಗೆ ಹೋದವಂತೆ. ಧಣಿಗಳ ಮನೆಯ ಕುಣಿತಕ್ಕೆ ಪಿಟೀಲು ನುಡಿಸುತ್ತಿದ್ದವರಲ್ಲಿ ಆಫ್ರಿಕದಿಂದ ಎಳೆತಂದ ಗುಲಾಮರು ಬಹಳ ಮಂದಿಯಂತೆ, ಹೆಜ್ಜೆ ಕೂಗುವ ರೂಢಿ ಬೆಳೆದದ್ದೂ ಅವರಿಂದಲೇ ಅಂತೆ. "ಕುಣಿದವರ ಹೆಸರು ಪುಸ್ತಕದಲ್ಲಿ ಉಂಟು, ನುಡಿಸಿದವರದ್ದು ಇಲ್ಲ. ನೋಡು ಅನ್ಯಾಯ," ಎನ್ನುವರು, ತಾವೇ ಕಣ್ಣಾರೆ ಕಂಡವರ ಹಾಗೆ.

ನಾನು ಚಿಕ್ಕಂದಿನಲ್ಲೇ ವಯಲಿನ್ ಪರೀಕ್ಷೆಗಳನ್ನು ಪಾಸು ಮಾಡಿದವನು, ಚರ್ಚಿನ ಗಾಯನತಂಡದಲ್ಲಿ ನುಡಿಸುವವನು. ಆ ಕೊಬ್ಬು ನನಗಿತ್ತು. ಅಂಕಲ್ ನನ್ನ ನೊಟೇಶನ್ ಹಾಳೆಗಳನ್ನು ಮಡಚಿಡುವರು. "ಕಿವಿ ದೇವರು ಎಂತಕ್ಕೆ ಕೊಟ್ಟದ್ದು ಮಾರಾಯ? ಕನ್ನಡಕ ಸಿಕ್ಕಿಸ್ಲಿಕ್ಕಾ?" ಕಲಿಸುವಾಗ ಅವರ ನಿಯಮ ಎರಡೇ. ನುಡಿಸುವವರಲ್ಲಿ ಯಾರಾದರೂ ಒಂದು ಕಾಲೆತ್ತಿದರೆ ಆ ಸುತ್ತು ಮುಗಿಯುತ್ತಲೇ ರಾಗವೂ ಮುಗಿಯಿತು, ಮರುಮಾತಿಲ್ಲದೆ ಎಲ್ಲರೂ ನಿಲ್ಲಿಸಬೇಕು. ಆದರೆ ಚೌಕದಲ್ಲಿ ನಿಂತ ನಾಲ್ಕೂ ಜೋಡಿಗಳು ಒಂದೊಂದು ಸಲ ಮುಂದಾಳಾಗಿ ಕುಣಿಯುವ ತನಕ ಯಾರೂ ಕಾಲೆತ್ತಬಾರದು.

ಅವರು ಕೆಲಸ ಮುಗಿಸಿ ಊರಿಗೆ ಹೊರಡುವ ವರ್ಷ, ನಮ್ಮ ಕನ್ನಡ ಸಂಘದ ವಾರ್ಷಿಕೋತ್ಸವಕ್ಕೆ ಆ ಕುಣಿತವಿತ್ತು. ನಾಲ್ಕನೆಯ ಜೋಡಿ ಗದಗ ಕಡೆಯವರು. ಗಂಡ ಅಂಕಲ್ ಕೈಕೆಳಗಿನ ಟೆಕ್ನೀಷಿಯನ್, ಹೆಂಡತಿ ಹೊಸದಾಗಿ ಬಂದವಳು. ವಾರವಿಡೀ ಫ್ಲ್ಯಾಟಿನೊಳಗೇ ಇರುತ್ತಿದ್ದ ಅವಳಿಗೆ ಶುಕ್ರವಾರದ ಅಭ್ಯಾಸವೊಂದೇ ಹೊರಗಿನ ಗಾಳಿ. ಮೊದಮೊದಲು ನಾಲ್ಕು ಜನರೆದುರು ಗಂಡನ ಕೈ ಹಿಡಿಯಲೂ ನಾಚುತ್ತಿದ್ದವಳು ಕೊನೆಗೆ ಉಳಿದವರ ತಪ್ಪು ತಿದ್ದುವಷ್ಟಾಗಿದ್ದಳು. ಆ ದಿನ ಇಳಕಲ್ ಸೀರೆ ಉಟ್ಟು ಬಂದಿದ್ದಳು.

ಅಬ್ಬಾಸಿಯಾದ ಶಾಲೆಯೊಂದರ ಸಭಾಂಗಣ. ಅಂಕಲ್, ಪಕ್ಕದಲ್ಲಿ ನಾನು, ಆಚೆ ಗಿಟಾರಿನವನು. ಅವರ ಮಾತಿನಂತೆ ನಾನೂ ಪಿಟೀಲನ್ನು ಎದೆಗೇ ಇಟ್ಟುಕೊಂಡಿದ್ದೆ. ಮೂರನೆಯ ಜೋಡಿ ಸುತ್ತು ಮುಗಿಸುತ್ತಿದ್ದಾಗ ನನ್ನ ಕಣ್ಣು ಸಭಿಕರ ಮುಂದಿನ ಸಾಲಿಗೆ ಹೋಯಿತು. ನಮ್ಮ ಗಾಯನತಂಡದವರು ಕುಳಿತಿದ್ದರು. ಒಬ್ಬ ನನ್ನನ್ನೇ ಮೊಬೈಲಿನಲ್ಲಿ ಹಿಡಿಯುತ್ತಿದ್ದ, ಉಳಿದವರು ನನ್ನ ಎದೆಯ ಮೇಲಿನ ಪಿಟೀಲನ್ನು ನೋಡಿ ಬಾಯಿಗೆ ಕೈ ಅಡ್ಡ ಹಿಡಿದು ನಗುತ್ತಿದ್ದರು. ಒಮ್ಮೆ ಇಲ್ಲಿಂದ ಎದ್ದುಹೋದರೆ ಸಾಕೆನಿಸಿ ಕಾಲೆತ್ತಿದೆ.

ಗಿಟಾರಿನವನು ಕೊನೆಯ ಹೊಡೆತ ಹೊಡೆದ. ಅಂಕಲ್ ನನ್ನ ಕಾಲನ್ನು ನೋಡಿದರು, ಬಿಲ್ಲು ನಿಂತಿತು. ಮುಂದಾಳಾಗಲು ಎರಡು ಹೆಜ್ಜೆ ಮುಂದೆ ಬಂದಿದ್ದ ಆ ಹೆಣ್ಣುಮಗಳು ಗಂಡನ ಕೈ ಹಿಡಿದು ಅಲ್ಲೇ ನಿಂತಳು. ನಿರೂಪಕಿ ಆಗಲೇ ಮುಂದಿನ ಕಾರ್ಯಕ್ರಮ ಘೋಷಿಸಿಬಿಟ್ಟಿದ್ದಳು. ಅಂಕಲ್ ಎದ್ದು ಅವಳ ಬಳಿ ಹೋದರು. "ತಪ್ಪಾಯ್ತು ಮಗಾ. ನಾನು ಕಾಲೆತ್ತಿಬಿಟ್ಟೆ. ವಯಸ್ಸಾಯ್ತಲ್ಲ, ಲೆಕ್ಕ ತಪ್ಪಿತು."

ಹಿಂತಿರುಗುವಾಗ ಕಾರಿನಲ್ಲಿ ಅವರು ಬೈಯಲಿಲ್ಲ. ಬೈದಿದ್ದರೆ ನನಗೆ ಹಗುರವಾಗುತ್ತಿತ್ತು. ಇಳಿಯುವಾಗ ಇಷ್ಟೇ ಅಂದರು: "ನನ್ನ ಮೇಲೆ ಹಾಕಿಕೊಂಡದ್ದು ಸಭೆಯಲ್ಲಿ ನಿನ್ನ ಮರ್ಯಾದೆ ಹೋಗ್ಬಾರ್ದು ಅಂತ. ಅವಳು ನನ್ನ ಮಾತು ನಂಬಿದ ಹಾಗೆ ಕಾಣ್ಲಿಲ್ಲ, ಅವಳತ್ರ ನೀನೇ ಒಮ್ಮೆ ನಿಜ ಹೇಳು. ಅವಳು ಕುಣಿದದ್ದು ಸರಿ ಇರ್ಲಿಲ್ಲ, ಅದಕ್ಕೇ ನಿಲ್ಲಿಸಿದ್ರು ಅಂತ ಗ್ರಹಿಸ್ಬಾರ್ದು."

ನಾಳೆ ಹೇಳುತ್ತೇನೆ ಅಂದೆ. ಹೇಳಲಿಲ್ಲ. ಊರಿಗೆ ಹೋದ ಮೇಲೆ ಅಂಕಲ್ ಫೋನಿನಲ್ಲಿ ಕೇಳಿದರು, "ಹೇಳಿದಿಯಾ?" ಹೇಳಿದೆ ಅಂದೆ. "ಒಳ್ಳೇದಾಯ್ತು ಮಾರಾಯ," ಎಂದು ಎಷ್ಟು ಖುಷಿಪಟ್ಟರೆಂದರೆ, ಆಮೇಲೆ ನಿಜ ಹೇಳಲು ನನಗೆ ಬಾಯೇ ಬರಲಿಲ್ಲ.

ಕಳೆದ ತಿಂಗಳು ಅವರು ತೀರಿಕೊಂಡ ಸುದ್ದಿ ಬಂತು. ಇಲ್ಲಿ ಪ್ರಾರ್ಥನೆ ಇಟ್ಟುಕೊಂಡೆವು. ಅವರ ಬಗ್ಗೆ ಮಾತನಾಡಲು ನನ್ನನ್ನೇ ನಿಲ್ಲಿಸಿದರು, ಶಿಷ್ಯನೆಂದು. ಚೆನ್ನಾಗಿಯೇ ಮಾತನಾಡಿದೆ, ಕೆಲವರು ಕಣ್ಣೊರೆಸಿಕೊಂಡರು. ಮುಗಿದ ಮೇಲೆ ಆ ಗದಗದ ಹೆಣ್ಣುಮಗಳು ಹತ್ತಿರ ಬಂದಳು.

"ಭಾಳ ಚಲೋ ಮನಶ್ಯಾ ಇದ್ರು ಬಿಡ್ರಿ ಅಣ್ಣಾರ. ಆದ್ರ ಅವತ್ತ ನಮ್ಮ ಪಾಳಿ ಬಂದಾಗ ನಿಲ್ಲಿಸಿ, ಲೆಕ್ಕ ತಪ್ಪಿತು ಅಂದ್ರು. ನಾ ನಂಬಲಿಲ್ರಿ, ಖರೇ ಯಾಕ ನಿಲ್ಲಿಸಿದ್ರೋ ಏನೋ. ನನ್ನ ಹೆಜ್ಜಿ ಏನರ ತಪ್ಪಿತ್ತೇನ್ರಿ?"

ಹೇಳಬಹುದಿತ್ತು. ಅಲ್ಲಿ ನಾವಿಬ್ಬರೇ ಇದ್ದೆವು.

"ಇಲ್ಲಮ್ಮ," ಅಂದೆ. "ಅವರಿಗೆ ವಯಸ್ಸಾಗಿತ್ತು."